ಸದ್ದನ್ನೂ ದುಃಖವನ್ನೂ ಹೀರುವ ಕಣಿವೆಯನ್ನು ಕಟ್ಟುವವರಿಗೆ ಒಂದು ಬಹಿರಂಗ ಪತ್ರ

ಕನ್ನಡದಲ್ಲಿ ಕಲ್ಪಿತ ಲೋಕಗಳನ್ನು ಕಟ್ಟುತ್ತಿರುವ ಕಥೆಗಾರರೇ, ಚಿತ್ರಕಾರರೇ, ಆಟಗಳನ್ನು ರೂಪಿಸುತ್ತಿರುವ ಗೆಳೆಯರೇ,

ಕಲ್ಪಿತ ಲೋಕಗಳ ನಕಾಶೆಗಳಲ್ಲಿ ಒಂದು ಜಾಗ ಬೇರೆ ಬೇರೆ ಹೆಸರು ಹೊತ್ತು ಮತ್ತೆ ಮತ್ತೆ ಎದುರಾಗುತ್ತದೆ. ಒಮ್ಮೆ ಅದು ಬೂದುಬಣ್ಣದ ಮರಗಳ ಕಣಿವೆ, ಒಮ್ಮೆ ಪಾಚಿ ಮುಚ್ಚಿದ ಹಾಳು ಗುಡಿ, ಇನ್ನೊಮ್ಮೆ ಅಲೆಯೇಳದ ಕೆರೆ. ಅಲ್ಲಿ ಕಾಲಿಟ್ಟವರ ಹೆಜ್ಜೆ ಸಪ್ಪಳ ಕೇಳಿಸುವುದಿಲ್ಲ, ಕೂಗಿದರೆ ದನಿ ತುಟಿಯಾಚೆ ಹೋಗುವುದಿಲ್ಲ. ಹೊತ್ತು ತಂದ ದುಃಖವೂ ಸದ್ದಿನೊಡನೆಯೇ ಇಂಗಿಹೋಗಿ, ಮಗನನ್ನು ಕಳೆದುಕೊಂಡ ತಾಯಿ, ಯುದ್ಧ ಸೋತ ಸೈನಿಕ, ರಾಜ್ಯ ಬಿಟ್ಟು ಬಂದ ರಾಣಿ ಎಲ್ಲರೂ ಹಗುರಾಗಿ ಹೊರಬರುತ್ತಾರೆ. ಕಥೆಯ ನಡುವೆ ದಣಿದ ಪಾತ್ರಕ್ಕೊಂದು ತಂಗುದಾಣ ಬೇಕಾದಾಗ ಇಷ್ಟು ಅನುಕೂಲದ ಜಾಗ ಇನ್ನೊಂದು ಸಿಗದು. ಆ ಅನುಕೂಲದ ಬಗ್ಗೆಯೇ ನನ್ನ ತಕರಾರು.

ನಾನು ರಂಗಭೂಮಿಯಲ್ಲಿ ಧ್ವನಿಯ ಕೆಲಸ ಮಾಡುವವನು. ಸದ್ದನ್ನು ಹುಟ್ಟಿಸುವುದಕ್ಕಿಂತ ಅದನ್ನು ಎಲ್ಲಿ, ಹೇಗೆ ಅಡಗಿಸಬೇಕು ಎಂಬ ಯೋಚನೆಯಲ್ಲೇ ನಮ್ಮ ಹೆಚ್ಚಿನ ಹೊತ್ತು ಹೋಗುತ್ತದೆ. ಆ ಕಸುಬಿನ ಕಡೆಯಿಂದ ನೋಡಿದಾಗ ನಿಮ್ಮ ಕಣಿವೆಯನ್ನು ಕುರಿತು ಕೇಳಲೇಬೇಕಾದ ಪ್ರಶ್ನೆಯೊಂದಿದೆ: ಹೀರಿದ್ದು ಎಲ್ಲಿಗೆ ಹೋಯಿತು? ಮಾಯಾಲೋಕದಲ್ಲಿ ಭೌತಶಾಸ್ತ್ರವನ್ನು ಕೇಳಬಾರದು ಎಂದು ನೀವು ಹೇಳಬಹುದು. ಕೇಳುವುದಿಲ್ಲ. ಆದರೆ ಮಾಯೆಗೂ ಒಂದು ಲೆಕ್ಕ ಇರಬೇಕೆಂಬುದು ನಮ್ಮ ಪುರಾಣಗಳೇ ಪಾಲಿಸಿಕೊಂಡು ಬಂದ ಕಟ್ಟಳೆ. ವರಕ್ಕೊಂದು ಷರತ್ತು, ಶಾಪಕ್ಕೊಂದು ವಿಮೋಚನೆ ಇಲ್ಲದೆ ಅಲ್ಲಿ ಯಾವ ಕಥೆಯೂ ಮುಂದಕ್ಕೆ ಹೋಗುವುದಿಲ್ಲ. ಸಮುದ್ರಮಥನದಲ್ಲಿ ಹುಟ್ಟಿದ ಹಾಲಾಹಲವನ್ನು ಶಿವ ಕುಡಿದಾಗ ಅದು ಇಲ್ಲವಾಗಲಿಲ್ಲ. ಗಂಟಲಲ್ಲಿ ನಿಂತಿತು, ಗಂಟಲು ನೀಲಿಯಾಯಿತು. ಮೂರು ಲೋಕದ ಕೇಡನ್ನು ನುಂಗಿದವನ ಮೈಮೇಲೂ ಗುರುತು ಉಳಿದಿರುವಾಗ, ಸಾವಿರಾರು ಜನರ ಸಂಕಟವನ್ನು ನುಂಗಿದ ಕಣಿವೆ ಹುಲ್ಲಿನ ಬಣ್ಣವನ್ನೂ ಬದಲಿಸದೆ ಮಲಗಿರುವುದು ಹೇಗೆ?

ಸದ್ದು ಹೀರುವುದನ್ನು ಅಳತೆಗೆ ತಂದವನ ಕಥೆ ಈ ಪ್ರಶ್ನೆಗೆ ನೇರವಾಗಿ ಒದಗುತ್ತದೆ. 1895ರಲ್ಲಿ ಅಮೆರಿಕದ ಹಾರ್ವರ್ಡ್ ವಿಶ್ವವಿದ್ಯಾಲಯದಲ್ಲಿ, ಫಾಗ್ ವಸ್ತುಸಂಗ್ರಹಾಲಯದ ಹೊಸ ಉಪನ್ಯಾಸ ಸಭಾಂಗಣದೊಳಗೆ ಆಡಿದ ಮಾತು ಯಾರಿಗೂ ಅರ್ಥವಾಗುತ್ತಿರಲಿಲ್ಲ. ಒಂದು ಪದ ಗೋಡೆಯಿಂದ ಗೋಡೆಗೆ ಬಡಿದು ಪೂರ್ತಿ ಅಡಗಲು ಐದೂವರೆ ಸೆಕೆಂಡು ಹಿಡಿಯುತ್ತಿತ್ತು. ಅಷ್ಟರಲ್ಲಿ ಮುಂದಿನ ಹತ್ತಾರು ಪದಗಳು ಅದರ ಮೇಲೆ ಬಂದು ಬೀಳುತ್ತಿದ್ದವು. ಇದನ್ನು ಸರಿಪಡಿಸುವ ಕೆಲಸ ವ್ಯಾಲೇಸ್ ಸಬೈನ್ ಎಂಬ ತರುಣ ಭೌತಶಾಸ್ತ್ರ ಅಧ್ಯಾಪಕನ ಪಾಲಿಗೆ ಬಂತು. ಊರು ಮಲಗಿದ ಮೇಲೆ ಆತ ಸಹಾಯಕರೊಡನೆ ಹತ್ತಿರದ ಸ್ಯಾಂಡರ್ಸ್ ರಂಗಮಂದಿರದ ಆಸನಗಳ ಮೆತ್ತೆಗಳನ್ನು ಹೊತ್ತು ತಂದು ಸಭಾಂಗಣದಲ್ಲಿ ಹರಡುತ್ತಿದ್ದ, ಆರ್ಗನ್ ವಾದ್ಯದ ಕೊಳವೆಯೊಂದನ್ನು ನುಡಿಸಿ ನಿಲ್ಲಿಸುತ್ತಿದ್ದ, ಅದರ ಸದ್ದು ಕಿವಿಗೆ ಕೇಳದಾಗುವ ತನಕದ ಹೊತ್ತನ್ನು ಅಳೆಯುತ್ತಿದ್ದ, ಬೆಳಗಾಗುವುದರೊಳಗೆ ಮೆತ್ತೆಗಳನ್ನು ಅವುಗಳ ಜಾಗಕ್ಕೆ ಮರಳಿಸುತ್ತಿದ್ದ. ಮೆತ್ತೆ ಹೆಚ್ಚಿದಂತೆ ಸದ್ದಿನ ಆಯುಸ್ಸು ಕಡಿಮೆಯಾಗುವ ಲೆಕ್ಕವನ್ನು ಹಾಗೆ ಹಿಡಿದ.

ಆದರೆ ಸ್ಯಾಂಡರ್ಸ್ ಮಂದಿರದ ಮೆತ್ತೆಯ ಲೆಕ್ಕ ಬೇರೆ ಊರಿನವರಿಗೆ ಉಪಯೋಗವಿಲ್ಲ. ಎಲ್ಲೆಡೆಗೂ ಸಲ್ಲುವ ಅಳತೆಗೋಲು ಬೇಕಾದಾಗ ಸಬೈನ್ ಆರಿಸಿಕೊಂಡದ್ದು ತೆರೆದ ಕಿಟಕಿಯನ್ನು. ಕಿಟಕಿಗೆ ತಾಗಿದ ಸದ್ದು ಕೋಣೆಗೆ ಮರಳುವುದಿಲ್ಲವಾದ್ದರಿಂದ, ಒಳಗೆ ಕುಳಿತವನ ಮಟ್ಟಿಗೆ ಅದು ಪೂರ್ತಿ ಹೀರಿದಂತೆಯೇ. ಅಂದರೆ ಹೀರುವ ಬಗೆ ಎರಡಾಯಿತು. ಮೆತ್ತೆಯಲ್ಲಿ ಸದ್ದು ನೂಲಿನ ಸಂದುಗಳೊಳಗೆ ಹೊಕ್ಕು, ಉಜ್ಜಿ ಉಜ್ಜಿ ಬಿಸಿಯಾಗಿ ಮಾರ್ಪಡುತ್ತದೆ. ಕೈಯಿಟ್ಟು ನೋಡಿದರೆ ತಿಳಿಯದಷ್ಟು ಕಡಿಮೆ ಬಿಸಿ, ಆದರೂ ಅದು ಮೆತ್ತೆಯಲ್ಲೇ ಉಳಿಯುವ ಬಿಸಿ. ಕಿಟಕಿಯಲ್ಲಿ ಸದ್ದು ಸದ್ದಾಗಿಯೇ ಹೊರಟುಹೋಗುತ್ತದೆ, ಬೀದಿಯಲ್ಲಿ ನಡೆಯುವವನೊಬ್ಬ ಅದನ್ನು ಕೇಳಿಸಿಕೊಳ್ಳುತ್ತಾನೆ. ಕೋಣೆಯೊಳಗಿನವನಿಗೆ ಎರಡೂ ಒಂದೇ, ಬೀದಿಯವನಿಗೆ ಒಂದೇ ಅಲ್ಲ. ನಿಮ್ಮ ಕಣಿವೆ ಇವೆರಡರಲ್ಲಿ ಯಾವುದು ಎಂಬುದನ್ನು ಮೊದಲು ಗೊತ್ತುಮಾಡಿಕೊಳ್ಳಿ ಎಂದು ಕೇಳುವುದಕ್ಕೇ ಈ ಪತ್ರ ಬರೆಯುತ್ತಿದ್ದೇನೆ.

ಮೆತ್ತೆಯ ಬಗೆಯದಾದರೆ ಎಷ್ಟು ಒಳ್ಳೆಯ ಕಥೆ ಸಾಧ್ಯ ಎಂಬುದಕ್ಕೆ ಎ. ಕೆ. ರಾಮಾನುಜನ್ ಇಂಗ್ಲಿಷಿನಲ್ಲಿ ಹೇಳಿದ ಒಂದು ತಮಿಳು ಜನಪದ ಕಥೆ ಸಾಕ್ಷಿ. ಇಬ್ಬರು ಗಂಡುಮಕ್ಕಳು, ಇಬ್ಬರು ಸೊಸೆಯರ ಕೈಯಲ್ಲಿ ದಿನವೂ ಬೈಸಿಕೊಳ್ಳುವ ಬಡ ವಿಧವೆಯೊಬ್ಬಳು ತನ್ನ ಸಂಕಟ ಹೇಳಿಕೊಳ್ಳಲು ಯಾರೂ ಇಲ್ಲದೆ ಅದನ್ನು ಒಳಗೇ ಇಟ್ಟುಕೊಂಡು ದಿನೇದಿನೇ ದಪ್ಪಗಾಗುತ್ತಾಳೆ. ಅದಕ್ಕೂ ಗೇಲಿಗೆ ಗುರಿಯಾಗುತ್ತಾಳೆ. ಒಂದು ದಿನ ಊರಾಚೆಯ ಹಾಳುಮನೆಗೆ ಹೋಗಿ, ಮಾಡು ಬಿದ್ದ ಆ ಮನೆಯ ನಾಲ್ಕು ಗೋಡೆಗಳಿಗೆ ಒಬ್ಬೊಬ್ಬರ ಮೇಲಿನ ದೂರನ್ನು ಹೇಳುತ್ತಾಳೆ. ಹೇಳಿ ಮುಗಿಸಿದಾಗಲೆಲ್ಲ ಒಂದು ಗೋಡೆ ಭಾರ ತಾಳದೆ ಕುಸಿಯುತ್ತದೆ, ಅವಳ ಮೈ ಅಷ್ಟು ಹಗುರಾಗುತ್ತದೆ. ನಾಲ್ಕೂ ಗೋಡೆ ಬಿದ್ದ ಮೇಲೆ ಅವಳು ಮನೆಗೆ ಹೋಗುತ್ತಾಳೆ, ಅದೇ ಮನೆಗೆ. ಈ ಕಥೆ ಎರಡು ವಿಷಯಗಳಲ್ಲಿ ಪ್ರಾಮಾಣಿಕವಾಗಿದೆ. ಹೀರಿದ ಗೋಡೆ ಬೆಲೆ ತೆರುತ್ತದೆ. ನಾಳೆ ಮತ್ತೆ ದುಃಖ ತುಂಬಿಕೊಂಡು ಬಂದರೆ ಹೇಳಲು ಐದನೆಯ ಗೋಡೆ ಇಲ್ಲ. ನಿಮ್ಮ ಕಣಿವೆಗೂ ಹೀಗೊಂದು ಕೊನೆ ಇರಲಿ. ನೂರು ವರ್ಷ ಹೀರಿದ ಮೇಲೆ ಅದರ ಮರಗಳು ಹೇಗೆ ಕಾಣುತ್ತವೆ, ಅಲ್ಲಿ ಮೇಯುವ ಹಸುವಿನ ಹಾಲು ಹೇಗಿರುತ್ತದೆ, ಅದು ತುಂಬಿದ ದಿನ ಏನಾಗುತ್ತದೆ ಎಂದು ಬರೆಯಿರಿ. ಹೊಸದಾಗಿ ಬಿದ್ದ ಹಿಮ ಸದ್ದನ್ನು ಚೆನ್ನಾಗಿ ಹೀರುತ್ತದೆ; ಅದೇ ಹಿಮ ಕರಗಿ ಮತ್ತೆ ಗಟ್ಟಿಯಾಗಿ ಮಂಜುಗಡ್ಡೆಯಾದಾಗ ಸದ್ದನ್ನು ಹಿಂದಕ್ಕೆ ಎಸೆಯತೊಡಗುತ್ತದೆ. ಇಂಥ ಒಂದು ತಿರುವು ಸಿಕ್ಕರೆ ಮೂರು ಸಂಪುಟಕ್ಕಾಗುವ ಕಥೆ ಇದೆ.

ಕಿಟಕಿಯ ಬಗೆಯ ಜಾಗವೊಂದು ಯಾವ ಮಾಯೆಯೂ ಇಲ್ಲದೆ ನಿಜವಾಗಿಯೇ ಜಪಾನಿನಲ್ಲಿದೆ. ಇವಾಟೆ ಪ್ರಾಂತ್ಯದ ಓತ್ಸುಚಿ ಎಂಬ ಕಡಲ ಊರಿನ ಇತಾರು ಸಸಾಕಿ ಎಂಬ ತೋಟಗಾರ, ತನ್ನ ಸೋದರಸಂಬಂಧಿ ತೀರಿಕೊಂಡ ದುಃಖದಲ್ಲಿ 2010ರಲ್ಲಿ ತನ್ನ ಗುಡ್ಡದ ಮೇಲಿನ ತೋಟದಲ್ಲಿ ಗಾಜಿನ ಒಂದು ಬಿಳಿ ಟೆಲಿಫೋನ್ ಗೂಡನ್ನು ನಿಲ್ಲಿಸಿದ. ಒಳಗಿರುವುದು ಬೆರಳಿನಿಂದ ತಿರುಗಿಸುವ ಹಳೆಯ ಕಪ್ಪು ಫೋನು. ಅದಕ್ಕೆ ತಂತಿಯ ಸಂಪರ್ಕ ಇಲ್ಲ. ಆಡಿದ ಮಾತನ್ನು ಗಾಳಿ ಒಯ್ಯುತ್ತದೆ ಎಂಬ ಭಾವನೆಯಿಂದ ಅದಕ್ಕೆ ಗಾಳಿಯ ಫೋನು ಎಂದೇ ಹೆಸರಾಯಿತು. ಮರುವರ್ಷ ಮಾರ್ಚ್ 11ರಂದು ಬಂದ ಸುನಾಮಿ ಓತ್ಸುಚಿಯನ್ನು ಬಹುಪಾಲು ಕೊಚ್ಚಿಕೊಂಡು ಹೋಯಿತು. ಸತ್ತವರು, ಪತ್ತೆಯೇ ಆಗದವರು ಸೇರಿ ಆ ಸಣ್ಣ ಊರಿಗೆ 1,200ಕ್ಕೂ ಹೆಚ್ಚು ಜನ ಇಲ್ಲವಾದರು. ಆ ಬಳಿಕ ಜನ ತಾವಾಗಿಯೇ ಗುಡ್ಡ ಹತ್ತಿ ಬರತೊಡಗಿದರು. ಬಾಗಿಲು ಹಾಕಿಕೊಂಡು, ಕೊಚ್ಚಿಹೋದ ಮನೆಯ ನಂಬರನ್ನೇ ತಿರುಗಿಸಿ, ಊಟ ಆಯಿತೇ, ಅಲ್ಲಿ ಚಳಿಯೇ, ಮಕ್ಕಳು ಶಾಲೆಗೆ ಹೋಗುತ್ತಿದ್ದಾರೆ ಎಂದು ಹೇಳಿ ಹೋಗುತ್ತಾರೆ. ಆ ಕಡೆಯಿಂದ ಉತ್ತರ ಬರುವುದಿಲ್ಲವೆಂಬುದು ರಿಸೀವರು ಎತ್ತುವ ಪ್ರತಿಯೊಬ್ಬರಿಗೂ ಗೊತ್ತು.

ಆ ಗೂಡು ಸದ್ದನ್ನು ಕೊಲ್ಲುವುದಿಲ್ಲ, ಅಲ್ಲಿಗೆ ಬರುವವರು ಮಾತಾಡಲೆಂದೇ ಬರುತ್ತಾರೆ ಎಂಬುದನ್ನು ಗಮನಿಸಿ. ನಿಮ್ಮ ಕಣಿವೆಯಲ್ಲಿ ಮೌನ ಮತ್ತು ನೆಮ್ಮದಿ ಒಂದೇ ನಾಣ್ಯವಾಗಿ ಚಲಾವಣೆಯಾಗುತ್ತವಲ್ಲ, ಅದರ ಬಗ್ಗೆ ನನಗೆ ತುಂಬ ಅನುಮಾನವಿದೆ. ಮೊದಲ ಕಾರಣ ಕೇವಲ ದೇಹಕ್ಕೆ ಸಂಬಂಧಿಸಿದ್ದು. ಸದ್ದು ಪೂರ್ತಿ ಹೀರುವ ಕೋಣೆಗಳನ್ನು ಮನುಷ್ಯರು ಕಟ್ಟಿದ್ದಾರೆ: ಗೋಡೆ, ಮಾಡು, ನೆಲಕ್ಕೆಲ್ಲ ಆಳವಾದ ಬೆಣೆಗಳನ್ನು ಜೋಡಿಸಿ, ನೆಲದ ಬೆಣೆಗಳ ಮೇಲೆ ನಡೆಯಲು ತಂತಿಯ ಬಲೆ ಎಳೆದ ಕೋಣೆಗಳು. ಅಮೆರಿಕದ ರೆಡ್ಮಂಡಿನಲ್ಲಿರುವ ಮೈಕ್ರೋಸಾಫ್ಟಿನ ಇಂಥ ಕೋಣೆಯಲ್ಲಿ 2015ರಲ್ಲಿ ದಾಖಲಾದ ಸದ್ದಿನ ಮಟ್ಟ ಸೊನ್ನೆಗಿಂತ 20.6 ಡೆಸಿಬೆಲ್ ಕೆಳಗೆ. ಸೊನ್ನೆಯೆಂದರೆ ಮನುಷ್ಯನ ಕಿವಿ ಹಿಡಿಯಬಲ್ಲ ಅತಿ ಮೆಲ್ಲನೆಯ ಸದ್ದು ಎಂಬುದನ್ನು ನೆನಪಿಡಿ. ಅಂಥಲ್ಲಿ ಹೊಕ್ಕವನಿಗೆ ಸಿಗುವುದು ಶಾಂತಿಯಲ್ಲ. ಎದೆಬಡಿತ, ಹೊಟ್ಟೆಯ ಗುಳುಗುಳು, ಕತ್ತು ಹೊರಳಿಸಿದರೆ ಮೂಳೆಯ ಕಿರುಗುಟ್ಟು, ಇವೆಲ್ಲ ಒಂದೊಂದಾಗಿ ಎದ್ದು ಬರುತ್ತವೆ. ಜಾನ್ ಕೇಜ್ ಎಂಬ ಸಂಗೀತಗಾರ 1951ರ ಸುಮಾರಿಗೆ ಹಾರ್ವರ್ಡಿನ ಇಂಥ ಕೋಣೆಗೆ ಹೋಗಿ, ಮೌನದ ಬದಲು ಒಂದು ಎತ್ತರದ, ಒಂದು ತಗ್ಗಿನ ಸದ್ದು ಕೇಳಿ ಬೆರಗಾದ. ಎರಡೂ ಅವನದೇ ಮೈಯವು. ಗೋಡೆಗಳಿಂದ ಮರಳುವ ಸದ್ದಿನಿಂದ ನಾವು ತಿಳಿಯದೆಯೇ ಜಾಗದ ಅಂದಾಜು ಹಿಡಿಯುತ್ತಿರುತ್ತೇವಾದ್ದರಿಂದ, ಅದು ಇಲ್ಲದಲ್ಲಿ ಕೆಲವರಿಗೆ ನಿಂತ ನೆಲವೇ ವಾಲಿದಂತಾಗುತ್ತದೆ. ನಿಮ್ಮ ಕಣಿವೆಗಿಳಿದ ರಾಣಿಗೆ ಮೊದಲು ಆಗಬೇಕಾದದ್ದು ಸಮಾಧಾನವಲ್ಲ, ಓಕರಿಕೆ.

ಅಲ್ಲಿ ವಾಸಿಸುವವರ ಪಾಡನ್ನಂತೂ ಯಾರೂ ಬರೆದಂತಿಲ್ಲ. ಮೇಯಲು ಬಿಟ್ಟ ಹಸುವಿನ ಗಂಟೆ ಕೇಳದ ಊರಿನಲ್ಲಿ ದನ ಕಾಯುವುದು ಹೇಗೆ? ಹಿತ್ತಲಲ್ಲಿರುವ ತಾಯಿಗೆ ತೊಟ್ಟಿಲಲ್ಲಿ ಮಗು ಎದ್ದದ್ದು ತಿಳಿಯುವುದು ಹೇಗೆ? ಕೋಲಿನ ಸದ್ದಿನ ಮೇಲೆ ದಾರಿ ಕಾಣುವ ಕುರುಡ ಅಲ್ಲಿ ಎರಡನೆಯ ಬಾರಿ ಕುರುಡನಾಗುತ್ತಾನೆ. ಕೈಸನ್ನೆಯಲ್ಲಿ ಮಾತಾಡುವ ಕಿವುಡರು ಮಾತ್ರ ಅಲ್ಲಿ ಎಂದಿನಂತೆ ಹರಟುತ್ತ ಇರಬಲ್ಲರು, ಬಹುಶಃ ಆ ಊರಿನ ಹಿರಿಯರೂ ಪಂಚರೂ ಅವರೇ ಆಗಿರುತ್ತಾರೆ. ಪ್ರಾಸಂಗಿಕವಾಗಿ ಒಂದು ಮಾತು: ಮಲೆನಾಡಿನ ಕಾಡನ್ನು ನೆನೆದು ಮೌನದ ಕಾಡು ಬರೆಯುವವರು ಜೂನ್ ತಿಂಗಳ ಮುಸ್ಸಂಜೆಯಲ್ಲಿ ಒಮ್ಮೆ ಆಗುಂಬೆಯ ಕಡೆ ಹೋಗಿ ಬರಬೇಕು. ಜೀರುಂಡೆ, ಕಪ್ಪೆ, ಎಲೆಯ ಮೇಲಿನ ಮಳೆ ಮೂರೂ ಸೇರಿದಾಗ ಪಕ್ಕದವನ ಕಿವಿಗೆ ಬಾಯಿಟ್ಟು ಮಾತಾಡಬೇಕಾಗುತ್ತದೆ.

ಎರಡನೆಯ ಕಾರಣ ಇನ್ನೂ ದೊಡ್ಡದು. ನಮ್ಮ ಕಡೆ ದುಃಖವನ್ನು ಕಳೆಯುವುದೇ ಸದ್ದಿನಿಂದ. ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ಹೆಣ ಮುಂದಿಟ್ಟುಕೊಂಡು ಹೆಂಗಸರು ಹಾಡ್ಯಾಡಿ ಅಳುತ್ತಾರೆ. ಸತ್ತವನು ತಂದುಕೊಟ್ಟ ಸೀರೆ, ಜಾತ್ರೆಗೆ ಕರೆದೊಯ್ದ ಚಕ್ಕಡಿ, ಉಳಿಸಿಹೋದ ಸಾಲ, ಆಡಿದ ಜಗಳ ಎಲ್ಲವೂ ಆ ಅಳುವಿನಲ್ಲಿ ಸಾಲುಸಾಲಾಗಿ ಬರುತ್ತವೆ. ಒಬ್ಬಳು ನಿಲ್ಲಿಸಿದಲ್ಲಿ ಇನ್ನೊಬ್ಬಳು ಎತ್ತಿಕೊಳ್ಳುತ್ತಾಳೆ, ಹೊಸದಾಗಿ ಬಂದ ನೆಂಟರ ಕೊರಳಿಗೆ ಬಿದ್ದು ಮೊದಲಿನಿಂದ ಶುರುಮಾಡುತ್ತಾರೆ. ರಾತ್ರಿಯಿಡೀ ಭಜನೆ, ಬೆಳಿಗ್ಗೆ ಹೆಣದ ಮುಂದೆ ಹಲಗೆಯ ಬಡಿತ. ಮುಂದಿನ ದಿನಗಳಲ್ಲಿ ಊರಿನವರು ಒಬ್ಬೊಬ್ಬರಾಗಿ ಬಂದು ಮಾತಾಡಿಸಿಕೊಂಡು ಹೋಗುತ್ತಾರೆ, ಮನೆಯವರು ಅದೇ ಕಥೆಯನ್ನು ಇಪ್ಪತ್ತನೆಯ ಸಲ ಹೇಳುತ್ತಾರೆ, ಕೇಳುವವರು ಮೊದಲ ಸಲವೆಂಬಂತೆ ಕೇಳುತ್ತಾರೆ. ಇಂಥ ತಾಯಿಯನ್ನು ತಂದು ಸದ್ದಿಲ್ಲದ ಕಣಿವೆಯಲ್ಲಿ ನಿಲ್ಲಿಸಿದರೆ ಅವಳ ದುಃಖ ಇಂಗುವುದಿಲ್ಲ. ಅದನ್ನು ಹೊರಹಾಕುವ ಸಾಧನವೊಂದನ್ನೇ ನೀವು ಕಿತ್ತುಕೊಂಡಿರಿ.

ಸಬೈನ್ ಕೋಷ್ಟಕಗಳಲ್ಲಿ ಮನುಷ್ಯರ ಲೆಕ್ಕವೂ ಇದೆ ಎಂಬುದನ್ನು ಇಲ್ಲಿ ಹೇಳಬೇಕು. ಸಭೆಯಲ್ಲಿ ಕುಳಿತ ಒಬ್ಬ ಮನುಷ್ಯ ಹೀರುವ ಸದ್ದು ಅರ್ಧ ಚದರ ಮೀಟರಿಗಿಂತ ತುಸು ಚಿಕ್ಕದಾದ ತೆರೆದ ಕಿಟಕಿಗೆ ಸಮ. ನಾಟಕದ ಮಂದಿಯೆಲ್ಲ ಇದನ್ನು ಮೈಯಿಂದಲೇ ಬಲ್ಲರು: ತಾಲೀಮಿನ ದಿನ ಖಾಲಿ ರಂಗಮಂದಿರದಲ್ಲಿ ಗಮ್ಮೆಂದು ಗದ್ದಲ ಮಾಡುತ್ತಿದ್ದ ನಗಾರಿ, ಪ್ರದರ್ಶನದ ಸಂಜೆ ಜನ ತುಂಬಿದ ಕೂಡಲೇ ಹದಕ್ಕೆ ಬರುತ್ತದೆ, ಗೋಡೆಗಳು ಹಿಂದೆ ಸರಿದಂತಾಗುತ್ತದೆ. ಸಾವಿನ ಮನೆಯ ಪಡಸಾಲೆಯಲ್ಲಿ ಒತ್ತೊತ್ತಾಗಿ ಕುಳಿತ ನೂರು ಜನ ಮಾಡುವ ಕೆಲಸವನ್ನು ನಿಮ್ಮ ಕಣಿವೆಯ ಮರಗಳಿಗೆ ವಹಿಸುವುದಾದರೆ, ಆ ನೂರು ಜನ ಎಲ್ಲಿಗೆ ಹೋದರು ಎಂಬುದಕ್ಕೂ ಕಥೆಯಲ್ಲಿ ಉತ್ತರ ಇರಬೇಕಾಗುತ್ತದೆ.

ಕಟ್ಟಡವೇ ಸದ್ದನ್ನು ಹೀರಲು ಒಪ್ಪದ ಸಾವಿನ ಮನೆಯೂ ನಮ್ಮಲ್ಲಿ ಇದೆಯೆನ್ನಿ. ವಿಜಯಪುರದ ಗೋಲಗುಮ್ಮಟ 1656ರಲ್ಲಿ ತೀರಿಕೊಂಡ ಮುಹಮ್ಮದ್ ಆದಿಲ್ ಶಾಹನ ಗೋರಿ. ಸುಮಾರು 44 ಮೀಟರ್ ಅಡ್ಡಳತೆಯ ಆ ಗುಮ್ಮಟದ ಸುತ್ತು ಮೊಗಸಾಲೆಯಲ್ಲಿ ಈ ಬದಿಯ ಪಿಸುಮಾತು ಆ ಬದಿಗೆ ಕೇಳುತ್ತದೆ, ಒಂದು ಚಪ್ಪಾಳೆ ಹಲವು ಸಲ ಮರಳುತ್ತದೆ. ಕೆಳಗೆ ಸುಲ್ತಾನನೂ ಅವನ ಮನೆಯವರೂ ಮಲಗಿದ್ದಾರೆ, ಮೇಲೆ ಶಾಲಾ ಪ್ರವಾಸದ ಮಕ್ಕಳು ತಮ್ಮ ತಮ್ಮ ಹೆಸರನ್ನೇ ಕೂಗಿ ನಗುತ್ತಿರುತ್ತಾರೆ. ಕಲ್ಪಿತ ಲೋಕದವರು ಇಂಥದೊಂದನ್ನು ಯಾಕೆ ಕಟ್ಟಬಾರದು ಎಂದು ನನಗೆ ಬಹಳ ಸಲ ಅನ್ನಿಸಿದೆ.

ದುಃಖ ಹೋದರೆ ಜೊತೆಗೆ ಇನ್ನೇನು ಹೋಗುತ್ತದೆ ಎಂಬುದು ಮುಂದಿನ ಮಾತು. ಮಗನ ಸಾವಿನ ಸಂಕಟ ಪೂರ್ತಿ ಇಂಗಿದ ತಾಯಿಗೆ ಮಗನ ಮುಖ ನೆನಪಿರುತ್ತದೆಯೇ? ಪ್ರಾಚೀನ ಗ್ರೀಕರಲ್ಲಿ ಒಂದು ಪಂಥದವರು ತಮ್ಮ ಸತ್ತವರ ಜೊತೆ ತೆಳುವಾದ ಚಿನ್ನದ ತಗಡುಗಳನ್ನು ಇಟ್ಟು ಹೂಳುತ್ತಿದ್ದರು. ಪಾತಾಳದಲ್ಲಿ ಬಿಳಿಯ ಸೈಪ್ರೆಸ್ ಮರದ ಬಳಿ ಒಂದು ಊಟೆ ಸಿಗುತ್ತದೆ, ಬಾಯಾರಿದ್ದರೂ ಅದರ ಹತ್ತಿರ ಹೋಗಬೇಡ, ಮುಂದಿರುವ ನೆನಪಿನ ಕೊಳದ ನೀರನ್ನು ಕೇಳಿ ಕುಡಿ ಎಂದು ಅದರ ಮೇಲೆ ಕೊರೆದಿರುತ್ತಿತ್ತು. ಎಲ್ಲವನ್ನೂ ಮರೆಸುವ ನೀರನ್ನು ಅವರು ಅಪಾಯವೆಂದು ಎಣಿಸಿದ್ದರು.

ಕೊನೆಯದಾಗಿ ರಾಜಕಾರಣ. ಸಂಕಟವನ್ನೂ ಕೂಗನ್ನೂ ಒಟ್ಟಿಗೆ ನುಂಗುವ ಜಾಗವೊಂದು ತನ್ನ ಗಡಿಯೊಳಗಿದೆ ಎಂದು ತಿಳಿದ ಮೇಲೆ ಯಾವ ರಾಜ ಸುಮ್ಮನಿದ್ದಾನು? ಭೂಮಿ ಕಳೆದುಕೊಂಡವರು, ತೆರಿಗೆ ತಾಳಲಾರದವರು, ಸೈನಿಕರ ವಿಧವೆಯರು ಅರಮನೆಯ ಬಾಗಿಲಿಗೆ ಬಂದಾಗ ಅಹವಾಲು ಕೇಳುವ ಬದಲು ಒಂದು ವಾರ ಕಣಿವೆಯಲ್ಲಿದ್ದು ಬನ್ನಿ ಎಂದು ಬಂಡಿ ಹತ್ತಿಸಿ ಕಳಿಸುತ್ತಾನೆ. ಅವರು ನಗುಮುಖದಿಂದ ಮರಳುತ್ತಾರೆ, ಭೂಮಿ ಮರಳುವುದಿಲ್ಲ. ಕಾಶಿಯ ಚಮ್ಮಾರ ಸಂತ ರವಿದಾಸನೂ ದುಃಖವಿಲ್ಲದ ಊರೊಂದನ್ನು ಕಲ್ಪಿಸಿದ್ದ, ಅದನ್ನು ಬೇಗಂಪುರ ಎಂದು ಕರೆದ. ಸಿಖ್ಖರ ಪವಿತ್ರ ಗ್ರಂಥದಲ್ಲಿ ಅವನ ಆ ಹಾಡು ಉಳಿದುಬಂದಿದೆ. ಆದರೆ ಅವನ ಊರಿನ ನೆಲವಾಗಲಿ ಮರವಾಗಲಿ ಏನನ್ನೂ ಹೀರುವುದಿಲ್ಲ. ಅಲ್ಲಿ ಸರಕಿಗೆ ಸುಂಕವಿಲ್ಲ, ಭಯವಿಲ್ಲ, ಎರಡನೆಯ ಮೂರನೆಯ ದರ್ಜೆಯ ಜನರಿಲ್ಲ, ಬೇಕಾದಲ್ಲಿ ತಿರುಗಾಡಲು ಯಾರ ತಡೆಯೂ ಇಲ್ಲ, ಆದ್ದರಿಂದ ದುಃಖವಿಲ್ಲ. ದಿನವೂ ತಡೆಯೊಳಗೇ ಬದುಕಿದವನ ಕಲ್ಪನೆ ಅದು. ಮಾಯೆಯ ಕಣಿವೆ ಬಹುಮಟ್ಟಿಗೆ ಅರಮನೆಯವರ ಕಲ್ಪನೆ ಎಂದು ನನಗನ್ನಿಸುತ್ತದೆ. ಖಳನಾಯಕ ಬೇಕೆಂದು ನೀವು ಕಪ್ಪು ಕೋಟೆಯಲ್ಲಿ ಹುಡುಕುತ್ತಿರುವಾಗ, ಅವನು ಈ ಕಣಿವೆಗೆ ಧರ್ಮಛತ್ರ ಕಟ್ಟಿಸಿ ಶಿಲಾಶಾಸನ ಬರೆಸುತ್ತಿರಬಹುದು.

ಹಾಗೆಂದು ಈ ಜಾಗವನ್ನು ನಿಮ್ಮ ನಕಾಶೆಯಿಂದ ಅಳಿಸಿಹಾಕಿ ಎನ್ನುವುದಿಲ್ಲ; ನನಗೂ ಅದರ ಮೇಲೆ ಮೋಹವಿದೆ. ಮೆತ್ತೆಯ ಬಗೆಯದಾದರೆ ಅದು ತುಂಬುವ ದಿನವನ್ನು ಕಥೆಯಲ್ಲಿ ತನ್ನಿ. ಕಿಟಕಿಯ ಬಗೆಯದಾದರೆ ಗಡಿಯಾಚೆ ಒಂದು ಹಳ್ಳಿಯನ್ನು ಗುರುತಿಸಿ ಹೆಸರಿಡಿ, ಕಣಿವೆಯಲ್ಲಿ ಅತ್ತವರ ದನಿ ರಾತ್ರಿ ಆ ಹಳ್ಳಿಯವರಿಗೆ ಕೇಳಲಿ, ಅವರು ಅದನ್ನು ಏನು ಮಾಡುತ್ತಾರೆಂದು ಬರೆಯಿರಿ. ಆಟ ರೂಪಿಸುವವರಿಗೆ ಕಸುಬಿನ ಕಡೆಯಿಂದ ಇನ್ನೊಂದು ವಿನಂತಿ: ಪಾತ್ರ ಕಣಿವೆಗಿಳಿದ ಕೂಡಲೇ ಧ್ವನಿಯನ್ನು ಸೊನ್ನೆಗೆ ತರಬೇಡಿ, ಆಡುವವನು ಸ್ಪೀಕರ್ ಕೆಟ್ಟಿತೆಂದು ತಂತಿ ಎಳೆದು ನೋಡುತ್ತಾನೆ. ಮೊದಲು ಮರುದನಿಯನ್ನು ತೆಗೆಯಿರಿ. ಆಮೇಲೆ ಎತ್ತರದ ಸದ್ದುಗಳು ಹೋಗಲಿ, ಹಕ್ಕಿ, ಬಳೆ, ಒಣಗಿದ ಎಲೆ. ತೆಳುವಾದ ಮೆತ್ತೆ ಅವನ್ನು ಸುಲಭವಾಗಿ ಹೀರುತ್ತದೆ. ಗುಡುಗಿನಂಥ ತಗ್ಗಿನ ಸದ್ದನ್ನು ಹೀರಲು ಮಾರುದ್ದದ ದಪ್ಪ ಬೇಕು, ಆದ್ದರಿಂದ ಅದನ್ನು ಕಣಿವೆಯ ನಟ್ಟನಡುವಿನ ತನಕ ಉಳಿಸಿಕೊಳ್ಳಿ. ಅಲ್ಲಿ ಉಸಿರು, ಉಗುಳು ನುಂಗುವುದು, ನಾಡಿ ಮಾತ್ರ ಇರಲಿ. ಗಡಿ ದಾಟಿ ಹೊರಬಂದಾಗ ಎಲ್ಲವನ್ನೂ ಒಮ್ಮೆಗೇ ಮರಳಿಸಿ, ಕಿವಿಗೆ ಸ್ವಲ್ಪ ನೋವಾಗುವಷ್ಟು ಜೋರಾಗಿಯೇ.

ಇಂತಿ,
ರಂಗಭೂಮಿಯ ಒಬ್ಬ ಧ್ವನಿಕರ್ಮಿ